ಕಂಪ್ಯೂಟರ್‌ನಿಂದ ಗೇಮ್ ತಗಿಯೂದು ಹೆಂಗ: ಫೋಲ್ಡರ್ ಡಿಲೀಟಾ, ಸೆಟ್ಟಿಂಗ್ಸಾ, ಹಳೇ ಕಂಟ್ರೋಲ್ ಪ್ಯಾನಲ್ಲಾ?

ಮೊದಲ ಹೇಳಿ ಬಿಡ್ತೀನ್ರಿ, ನನ್ನ ವೋಟು ಹಳೇ ಕಂಟ್ರೋಲ್ ಪ್ಯಾನಲ್‌ಗೆ. ವಿಂಡೋಸ್ ಕೀ ಜೊತಿ ಆರ್ ಒತ್ರಿ, ಒಂದು ಸಣ್ಣ ಡಬ್ಬಿ ಬರ್ತೈತಿ, ಅದರಾಗ ಎ ಪಿ ಪಿ ಡಬ್ಲ್ಯೂ ಐ ಝಡ್, ಆಮ್ಯಾಲೆ ಒಂದು ಡಾಟ್, ಸಿ ಪಿ ಎಲ್ ಅಂತ ಹೊಡದು ಎಂಟರ್, ಹಾಕಿದ ಪ್ರೋಗ್ರಾಮ್‌ಗಳ ಲಿಸ್ಟ್ ಬರ್ತೈತಿ. ವಿಂಡೋಸ್ 11 ಇದ್ರೂ ನಡೀತೈತಿ. ಉಳಿದದ್ದೆಲ್ಲಾ ನಾ ಯಾಕ ಮಾಡಿ ನೋಡ್ದೆ, ಎಲ್ಲೆ ಸಿಕ್ಕೊಂಡೆ ಅನ್ನೂದು ಕೆಳಗ ಐತಿ.

ನಾ ಹುಬ್ಬಳ್ಳ್ಯಾಗ ಮನ್ಯಾಗ ಕುಂತು ಡಿಟಿಪಿ ಮಾಡಾಂವ. ಲಗ್ನಪತ್ರಿಕಿ, ಬಿಲ್ ಬುಕ್ಕು, ಗೃಹಪ್ರವೇಶದ ಕಾರ್ಡು, ಇಂಥವು. ಲ್ಯಾಪ್‌ಟಾಪ್‌ನ್ಯಾಗ 256 ಜಿಬಿ ಎಸ್‌ಎಸ್‌ಡಿ, ವಿಂಡೋಸ್ ಅದನ್ನ 238 ಅಂತ ತೋರಸ್ತೈತಿ, ಯಾಕಂದ್ರ ಡಿಸ್ಕ್ ಮಾರಾವ್ರು ಸಾವಿರದ ಲೆಕ್ಕ ಹಿಡೀತಾರ, ವಿಂಡೋಸ್ 1024ರ ಲೆಕ್ಕ ಹಿಡೀತೈತಿ. ಏಪ್ರಿಲ್ ಮೇ ಸೂಟಿಗೆ ಗದಗಿನಿಂದ ಅಕ್ಕನ ಮಗ ಬಂದಿದ್ದ. ಹಗಲು ನಾ, ರಾತ್ರಿ ಅಂವ. ಅಂವ ಊರಿಗೆ ಹೋಗಿ ಎರಡು ದಿನಕ್ಕ ಒಂದು ಲಗ್ನಪತ್ರಿಕಿ ಪಿಡಿಎಫ್ ಮಾಡಾಕ ಹೋದ್ರ ಡಿಸ್ಕ್ ಫುಲ್ ಅಂತು. ನೋಡ್ತೀನಿ, ಸಿ ಡ್ರೈವ್ ಪಟ್ಟಿ ಕೆಂಪಗ ಆಗೇತಿ, ಖಾಲಿ ಇದ್ದದ್ದು 3 ಜಿಬಿ. ಅತ್ತ ಪ್ರೆಸ್ಸಿನವ್ರು ಫೋನ್ ಮ್ಯಾಲೆ ಫೋನ್.

ಗಾಬರ್‍ಯಾಗಿ ಪ್ಯಾಟ್ಯಾಗಿನ ಒಂದು ರಿಪೇರಿ ಅಂಗಡಿಗೆ ಕೇಳಿದ್ರ "ಫಾರ್ಮ್ಯಾಟ್ ಹೊಡದು ಬಿಡೂಣ್ರಿ ಸರ್, ಎಂಟ್‌ನೂರಾಗ ಆಗತೈತಿ" ಅಂದ್ರು. ನಾಕು ಗೇಮ್ ತಗಿಯಾಕ ಫಾರ್ಮ್ಯಾಟ್! ಕನ್ನಡ ಟೈಪಿಂಗಿನ ನುಡಿ ಸಾಫ್ಟ್‌ವೇರ್, ಫಾಂಟ್, ಪ್ರಿಂಟರ್, ಎಲ್ಲಾ ಮತ್ತ ಮೊದಲಿಂದ ಹಾಕ್ಕೋತ ಕುಂಡ್ರಬೇಕಲ್ಲ. ಬ್ಯಾಡಂತ ಅಂದು ಮನಿಗೆ ಬಂದೆ.

ಬಂದಾಂವ ಸುಮ್ನ ಇರಬೇಕಿಲ್ಲೋ. ಗೇಮ್ಸ್ ಅಂತ ಒಂದು ಫೋಲ್ಡರ್ ಕಾಣ್ತು, ಅದರಾಗ ಹುಡುಗ ಯಾರೋ ಗೆಳ್ಯಾನ ಪೆನ್‌ಡ್ರೈವ್‌ನಿಂದ ಹಾಕ್ಕೊಂಡ ಒಂದು ಕಾರ್ ರೇಸಿನ ಗೇಮ್, 38 ಜಿಬಿ. ಶಿಫ್ಟ್ ಹಿಡದು ಡಿಲೀಟ್ ಒತ್ತಿದೆ, ರಿಸೈಕಲ್ ಬಿನ್ ಗೊಡವಿನೂ ಇಲ್ಲ, ಮೂರು ನಿಮಿಷಕ್ಕ 38 ಜಿಬಿ ಖಾಲಿ. ಪಿಡಿಎಫ್ ಆತು, ಪ್ರೆಸ್ಸಿಗೆ ಹೋತು. ಇಷ್ಟ ಸಸಾರ ಇದ್ದದ್ದಕ್ಕ ಮಂದಿ ಯಾಕ ಒದ್ದಾಡ್ತಾರ ಅಂತ ಅವತ್ತು ನಕ್ಕೋತ ಮಿರ್ಚಿ ತಿಂದೇನಿ.

ಮರುದಿನ ಸೆಟ್ಟಿಂಗ್ಸ್‌ನ್ಯಾಗ ಆಪ್ಸ್ ತಗದು ನೋಡಿದ್ರ ಆ ರೇಸಿನ ಗೇಮ್ ಹೆಸರು ಹಂಗ ಕುಂತೈತಿ! 38 ಜಿಬಿ ಅಂತ ಲೆಕ್ಕಾನೂ ಹಂಗ. ಮೂರು ಚುಕ್ಕಿ ಒತ್ತಿ ಅನ್‌ಇನ್‌ಸ್ಟಾಲ್ ಅಂದೆ. ಒಂದು ಡಬ್ಬಿ ಬಂತು: ವಿಂಡೋಸ್‌ಗೆ ಈ ಫೈಲ್ ಸಿಗವಲ್ದು, ಹೆಸರು ಸರಿಯಾಗಿ ಟೈಪ್ ಮಾಡೀರೋ ಇಲ್ಲೋ ನೋಡಿ ಮತ್ತ ಪ್ರಯತ್ನ ಮಾಡ್ರಿ ಅಂತ. ನಾ ಎಲ್ಲೆ ಟೈಪ್ ಮಾಡೇನೋ ಮಾರಾಯಾ, ಬರೇ ಒತ್ತೇನಿ! ಕೆಳಗ ಓಕೆ ಅನ್ನೂದೊಂದ ಬಟನ್. ಓಕೆ ಒತ್ತಿದ್ರ ಡಬ್ಬಿ ಹೋತು, ಹೆಸರು ಉಳೀತು. ರೀಸ್ಟಾರ್ಟ್ ಮಾಡ್ದೆ, ಹೆಸರು ಉಳೀತು. ರೊಕ್ಕಾ ಕೊಟ್ಟು ಮನಿ ಖಾಲಿ ಮಾಡಿಸಿದ ಮ್ಯಾಲೂ ಹಳೇ ಬಾಡಿಗಿಯವನ ಹೆಸರಲೇನ ಪತ್ರ ಬರತಾವಲ್ಲ, ಥೇಟ್ ಹಂಗ.

ಆಗ ಡಬ್ಬಿಯೊಳಗಿನ ಆ ಫೈಲ್ ಹೆಸರು ಸರಿಯಾಗಿ ಓದಿದೆ. ಅನ್‌ಇನ್ಸ್ ಅಂತ ಇದ್ದು ಮುಂದ ಮೂರು ಸೊನ್ನಿ. ಹಿಂಗ ಭಾಳ ಗೇಮ್ ತಮ್ಮನ್ನ ತಗಿಯೂ ಪ್ರೋಗ್ರಾಮ್‌ನ ತಮ್ಮ ಫೋಲ್ಡರ್‌ನ್ಯಾಗನ ಇಟ್ಕೊಂಡಿರ್ತಾವ. ಇನ್‌ಸ್ಟಾಲ್ ಆಗೂ ಹೊತ್ತಿಗೆ ವಿಂಡೋಸ್ ತನ್ನ ಲೆಕ್ಕಪತ್ರ ಇಡೂ ರೆಜಿಸ್ಟ್ರಿಯೊಳಗ ಅನ್‌ಇನ್‌ಸ್ಟಾಲ್ ಅನ್ನೂ ಕೀ (ಫೋಲ್ಡರ್ ಇದ್ದಂಗ) ಕೆಳಗ ತನ್ನ ಹೆಸರು, ತಾರೀಖು, ಸೈಜು, ತನ್ನನ್ನ ತಗಿಯೂ ಫೈಲ್ ಎಲ್ಲೈತಿ ಅನ್ನೂದು, ಇಷ್ಟೂ ಬರದು ಇಡ್ತೈತಿ. ಲಿಸ್ಟ್‌ನ್ಯಾಗ ನಮಗ ಕಾಣೂದು ಆ ಬರದಿಟ್ಟದ್ದು, ಗೇಮ್ ಅಲ್ಲ. ನಾ ಫೋಲ್ಡರ್ ಸುಟ್ಟಾಗ ಅದನ್ನ ತಗಿಯೂ ಫೈಲೂ ಅದರ ಜೊತೀನ ಸುಟ್ಟು ಕುಂತಿದ್ದೆ. ಅಂದ್ರ ಯಾರದೂ ತಪ್ಪಿಲ್ಲ, ನಂದ ತಪ್ಪು.

ಗೆಳ್ಯಾ ಒಬ್ಬ "ರೆಜೆಡಿಟ್‌ಗೆ ಹೋಗಿ ಆ ಕೀ ಕಿತ್ತು ಒಗಿ" ಅಂದ. ರೆಜೆಡಿಟ್ ಅಂದ್ರ ರೆಜಿಸ್ಟ್ರಿ ತಿದ್ದೂ ಪ್ರೋಗ್ರಾಮ್. ಹೋದೆ. ಎಚ್‌ಕೀ ಲೋಕಲ್ ಮಷೀನ್, ಸಾಫ್ಟ್‌ವೇರ್, ಮೈಕ್ರೋಸಾಫ್ಟ್, ವಿಂಡೋಸ್, ಕರೆಂಟ್ ವರ್ಷನ್, ಅದರಾಗ ಅನ್‌ಇನ್‌ಸ್ಟಾಲ್, ಅಲ್ಲೆ ನೋಡಿದ್ರ ಅರ್ಧಕ್ಕರ್ಧ ಹೆಸರಿಲ್ಲ, ಹೂವಿನ ಕಂಸದಾಗ ಉದ್ದಾನ ಅಂಕಿ ಅಕ್ಷರ. ಅಂಥಾದ್ದರಾಗ ನಾ ಕಾರ್ಡ್ ಮಾಡೂ ಕೋರಲ್‌ಡ್ರಾದ್ದೇನಾರ ಕಿತ್ತ್ ಬಂದ್ರ? ಹಳೇ 32 ಬಿಟ್ ಗೇಮಿನ ಹೆಸರು ಇಲ್ಲಿ ಇರೂದೂ ಇಲ್ಲ, ವಾವ್6432ನೋಡ್ ಅನ್ನೂ ಬ್ಯಾರೆ ಓಣ್ಯಾಗ ಇರ್ತಾವ. ಲಗ್ನದ ಸೀಜನ್‌ನ್ಯಾಗ ಇಂಥಾ ಧೈರ್ಯ ನನಗ ಬ್ಯಾಡಾಗಿತ್ತು, ಮುಚ್ಚಿದೆ.

ಕಡೀಕ ಹಳೇ ಕಂಟ್ರೋಲ್ ಪ್ಯಾನಲ್ ನೆನಪಾತು. ಅಲ್ಲೆ ಅದ ಹೆಸರಿನ ಮ್ಯಾಲೆ ಎರಡು ಸಲ ಒತ್ತಿದೆ. ಅದಕ್ಕೂ ಫೈಲ್ ಸಿಗಲಿಲ್ಲ, ಆದ್ರ ಅದು ಕೇಳಿದ ಮಾತು ನೋಡ್ರಿ: ಇದನ್ನ ಮೊದಲ ತಗದಿರಬಹುದು, ಲಿಸ್ಟಿನಿಂದ ಹೆಸರು ಕಿತ್ತು ಬಿಡ್ಲೇನು? ಎಸ್ ಅಂದೆ. ಹೋತು. ಎರಡು ದಿನದ ತಲಿನೋವು ಒಂದ ಕ್ಲಿಕ್‌ನ್ಯಾಗ. ಅಲ್ಲಿಂದ ನನ್ನ ನಿಷ್ಠೆ ಎಲ್ಲೆ ಅಂತ ತೀರ್ಮಾನ ಆತು.

ಇನ್ನೊಂದು ಕಾರಣಾನೂ ಐತಿ. ನಾ ಕಾಲಂ ನೋಡಿ ಬದುಕಾಂವ. ಹೆಸರು, ಪಬ್ಲಿಷರ್, ಇನ್‌ಸ್ಟಾಲ್ ಆದ ತಾರೀಖು, ಸೈಜು, ವರ್ಷನ್, ಎಲ್ಲಾ ಒಂದ ಸಾಲಿನ್ಯಾಗ. ತಾರೀಖಿನ ತಲಿ ಮ್ಯಾಲೆ ಒಮ್ಮೆ ಒತ್ತಿದ್ರ ಹುಡುಗ ಬಂದ ದಿನದಿಂದ ಹೋದ ದಿನದ ತನಕ ಹಾಕಿದ್ದೆಲ್ಲಾ ಸಾಲಾಗಿ ನಿಂತು, ಪೋಲೀಸ್ ಪರೇಡ್ ಆದಂಗ ಆತು. ಸೆಟ್ಟಿಂಗ್ಸ್‌ನ್ಯಾಗೂ ತಾರೀಖಿನ ಪ್ರಕಾರ, ಸೈಜಿನ ಪ್ರಕಾರ ಹಚ್ಚಬಹುದು, ಇಲ್ಲ ಅನ್ನೂದಿಲ್ಲ, ಹುಡುಕೂ ಡಬ್ಬೀನೂ ಐತಿ. ಆದ್ರ ಒಂದೊಂದು ಹೆಸರಿಗೆ ಮೂರು ಚುಕ್ಕಿ ಒತ್ತು, ಅನ್‌ಇನ್‌ಸ್ಟಾಲ್ ಒತ್ತು, ಮತ್ತ ಅನ್‌ಇನ್‌ಸ್ಟಾಲ್ ಒತ್ತು. ನನ್ನ ಬೆರಳಿಗೆ ಸರಿ ಬರಲಿಲ್ಲ, ಅಷ್ಟ.

ಸೆಟ್ಟಿಂಗ್ಸ್ ಬೇಕ ಬೇಕಾಗೂ ಜಾಗ ಒಂದೈತಿ. ಮೈಕ್ರೋಸಾಫ್ಟ್ ಸ್ಟೋರ್‌ನಿಂದ ಬಂದ ಗೇಮ್ ಹಳೇ ಕಂಟ್ರೋಲ್ ಪ್ಯಾನಲ್‌ನ್ಯಾಗ ಕಾಣೂದಿಲ್ಲ. ಅವನ್ನ ಸೆಟ್ಟಿಂಗ್ಸ್‌ನಿಂದ ತಗೀರಿ, ಇಲ್ಲಾ ಸ್ಟಾರ್ಟ್ ಮೆನುನ್ಯಾಗ ಹೆಸರಿನ ಮ್ಯಾಲೆ ರೈಟ್ ಕ್ಲಿಕ್.

ದೊಡ್ಡ ಗಂಟು ಇದ್ದದ್ದು ಜಿಟಿಎ ಫೈವ್, ಸುಮಾರು 100 ಜಿಬಿ. 2020ರ ಮೇ ತಿಂಗಳಾಗ, ಲಾಕ್‌ಡೌನ್ ಹೊತ್ತಿನ್ಯಾಗ, ಎಪಿಕ್ ಅನ್ನೂ ಆನ್‌ಲೈನ್ ಗೇಮ್ ಅಂಗಡಿಯವ್ರು ಫುಕಟ್ ಕೊಟ್ಟಾಗ ಹುಡುಗನ ಅಣ್ಣ ತಗೊಂಡಿಟ್ಟಿದ್ದ ಅಕೌಂಟು. ಇಂಥಾವಕ್ಕ ಒಂದ ದಾರಿ, ಎಲ್ಲಿಂದ ಬಂತೋ ಅಲ್ಲಿಂದನ ಕಳಸಬೇಕು: ಎಪಿಕ್ ಓಪನ್ ಮಾಡಿ, ಲೈಬ್ರರಿ, ಗೇಮಿನ ಬಾಜೂಕ ಮೂರು ಚುಕ್ಕಿ, ಅನ್‌ಇನ್‌ಸ್ಟಾಲ್. ಗೇಮ್ ಹೋದ್ರೂ ಅದನ್ನ ಮಾಡಿದವ್ರ ರಾಕ್‌ಸ್ಟಾರ್ ಲಾಂಚರ್ (ಗೇಮ್ ಚಾಲೂ ಮಾಡೂ ಪ್ರೋಗ್ರಾಮ್), ಸೋಷಿಯಲ್ ಕ್ಲಬ್ ಎರಡೂ ಲಿಸ್ಟ್‌ನ್ಯಾಗ ಬ್ಯಾರೆ ಹೆಸರಾಗಿ ಇರ್ತಾವ, ಅವನ್ನ ಕಂಟ್ರೋಲ್ ಪ್ಯಾನಲ್‌ನಿಂದ ತಗದೆ. ವ್ಯಾಲರಂಟ್ ಗೇಮ್ ಇದ್ದವ್ರಿಗೂ ಅದ ಮಾತು, ಅದರ ಜೊತಿ ಬರೂ, ಮೋಸದಾಟ ಹಿಡಿಯೂ ವ್ಯಾನ್‌ಗಾರ್ಡ್ ಅನ್ನೂದನ್ನ ಬ್ಯಾರೆ ತಗೀಬೇಕು.

ಸ್ಟೀಮ್ ಅನ್ನೂ ಇನ್ನೊಂದು ಆನ್‌ಲೈನ್ ಅಂಗಡಿಯ ಗೇಮ್ ಆದ್ರ ಎಲ್ಲಿಂದ ಒತ್ತಿದ್ರೂ ಅಷ್ಟ, ಕಂಟ್ರೋಲ್ ಪ್ಯಾನಲ್‌ನ್ಯಾಗ ಅನ್‌ಇನ್‌ಸ್ಟಾಲ್ ಅಂದ್ರೂ ಸ್ಟೀಮ್‌ನ ತಕ್ಕೊಂಡು ಕೇಳ್ತೈತಿ. ಫೋಲ್ಡರ್ ಕೈಲೆ ಡಿಲೀಟ್ ಮಾಡಿದ್ರ ಇಲ್ಲೂ ನನ್ನ ರೇಸ್ ಗೇಮಿನ ಕಥಿನ, ಸ್ಟೀಮ್‌ಆಪ್ಸ್ ಫೋಲ್ಡರ್‌ನ್ಯಾಗ ಎಸಿಎಫ್ ಅಂತ ಸಣ್ಣ ಫೈಲ್ ಉಳಕೊಂಡು, ಗೇಮ್ ಇನ್ನೂ ಐತಿ ಅಂತ ಸ್ಟೀಮ್ ತಿಳಕೊಂಡು ಕುಂಡ್ರತೈತಿ. ಮತ್ತೊಂದು ಮಾತು, ಗೇಮ್ ಬದಲಿ ಸ್ಟೀಮ್‌ನ್ನ ಅನ್‌ಇನ್‌ಸ್ಟಾಲ್ ಮಾಡಿಗೀಡೀರಿ, ಅದರ ಫೋಲ್ಡರ್‌ನ್ಯಾಗಿದ್ದ ಎಲ್ಲಾ ಗೇಮೂ ಜೊತೀಗೆ ಹೊಂಡ್ತಾವ.

ಸ್ಟೀಮ್‌ನ್ಯಾಗ ಇದ್ದದ್ದು ಯೂರೋ ಟ್ರಕ್ ಸಿಮ್ಯುಲೇಟರ್ 2. ಸ್ಟೀಮ್‌ನಿಂದ ಚೊಕ್ಕ ತಗದೆ, 20 ಜಿಬಿ ಬಂತು. ಆದ್ರೂ ಲೆಕ್ಕ ಕೂಡವಲ್ದು. ಆಗ ವಿಜ್‌ಟ್ರೀ ಹಾಕ್ಕೊಂಡೆ, ಮನಿ ಬಳಕೀಗೆ ಫುಕಟ್, ಡಿಸ್ಕಿನ ಫೈಲ್ ಟೇಬಲ್‌ನ ನೇರ ಓದೂದರಿಂದ ಕೆಲವು ಸೆಕೆಂಡಿನ್ಯಾಗ ಇಡೀ ಡ್ರೈವ್ ಬಣ್ಣ ಬಣ್ಣದ ಚೌಕ ಮಾಡಿ ತೋರಸ್ತೈತಿ. ಒಂದು ದೊಡ್ಡ ಚೌಕ ಡಾಕ್ಯುಮೆಂಟ್ಸ್ ಒಳಗ. ಒತ್ತಿ ನೋಡಿದ್ರ ಟ್ರಕ್ ಗೇಮಿನ ಮಾಡ್ (ಆಡೂ ಮಂದಿ ತಾವ ಮಾಡಿ ಗೇಮಿಗೆ ಸೇರಸೂ ಸಾಮಾನು) ಫೋಲ್ಡರ್, 14 ಜಿಬಿ, ಒಳಗ ಏನೈತಿ ಅಂದ್ರ ನಮ್ಮ ಸರ್ಕಾರಿ ಬಸ್! ಯಾರೋ ಪುಣ್ಯಾತ್ಮರು ಮಾಡಿದ ವಾಯವ್ಯ ಸಾರಿಗಿ ಬಣ್ಣ, ಹಾರ್ನ್, ಮುಂದ ಬೋರ್ಡ್ ಸೈತ. ಯುರೋಪಿನ ಹೈವೇ ಮ್ಯಾಲೆ ಹುಡುಗ ರಾತ್ರಿಯೆಲ್ಲಾ ಗದಗ ಬಸ್ ಓಡಸ್ಯಾನ. ಗೇಮ್ ತಗದ್ರೂ ಡಾಕ್ಯುಮೆಂಟ್ಸ್‌ನ್ಯಾಗಿನ ಮಾಡು, ಆಟದ ಪ್ರೊಫೈಲು ಅಲ್ಲೇ ಉಳೀತಾವ, ಇದು ಯಾವ ಅನ್‌ಇನ್‌ಸ್ಟಾಲರ್‌ದೂ ತಪ್ಪಲ್ಲ, ಆಡಾವ ನಾಳೆ ತಿರುಗಿ ಬಂದ್ರ ಇರ್ಲಿ ಅಂತ ಬಿಟ್ಟಿರ್ತಾರ. ಡಾಕ್ಯುಮೆಂಟ್ಸ್, ಅದರಾಗಿನ ಮೈ ಗೇಮ್ಸ್, ಸೇವ್ಡ್ ಗೇಮ್ಸ್, ಮುಚ್ಚಿಟ್ಟಿರೂ ಆಪ್‌ಡೇಟಾ ಒಳಗಿನ ಲೋಕಲ್, ಲೋಕಲ್‌ಲೋ, ರೋಮಿಂಗ್, ಇಷ್ಟು ಕಡೆ ಹಣಿಕಿ ಹಾಕಬೇಕು.

ಡಿಲೀಟ್ ಒತ್ತೂ ಮೊದಲು ಈ ಸಲ ಬುದ್ಧಿ ಬಂದಿತ್ತು, ಹುಡುಗಗ ಫೋನ್ ಮಾಡ್ದೆ.

"ಮಾಮಾ, ಅದೊಂದು ಮುಟ್ಟಬ್ಯಾಡ ಮಾಮಾ! ಎರಡು ತಿಂಗಳ ಆಡೇನಿ, ನನ್ನ ಕಂಪನಿಗೆ ಹನ್ನೆರಡು ಡ್ರೈವರ್ ಅದಾರ!"

"ಲೇ, ನಂದು ಒಂದು ಪಿಡಿಎಫ್ ಆಗವಲ್ದು, ನೀ ಡ್ರೈವರ್ ಲೆಕ್ಕ ಹೇಳ್ತಿಯೇನು?"

ರೇಸ್ ಗೇಮಿನ ಸುದ್ದಿ ಅವಂಗ ಇನ್ನೂ ಹೇಳಿಲ್ಲ. ಅದರ ಸೇವ್ ಆ ಫೋಲ್ಡರ್‌ನ್ಯಾಗ ಇತ್ತೋ ಏನೋ.

ರೆವೊ ಅನ್‌ಇನ್‌ಸ್ಟಾಲರೂ ಹಾಕಿ ನೋಡೇನಿ. ಒಳ್ಳೇದೈತಿ, ಮೊದಲ ರೀಸ್ಟೋರ್ ಪಾಯಿಂಟ್ (ಎಡವಟ್ಟಾದ್ರ ವಿಂಡೋಸ್‌ನ ಹಿಂದಿನಂಗ ಮಾಡೂ ಗುರುತು) ಮಾಡ್ತೈತಿ, ಗೇಮಿನ ಸ್ವಂತ ಅನ್‌ಇನ್‌ಸ್ಟಾಲರ್ ಓಡಸ್ತೈತಿ, ಆಮ್ಯಾಲೆ ಉಳಿದ ಬಳಿದದ್ದನ್ನ ಹುಡುಕ್ಯಾಡ್ತೈತಿ. ಸೇಫ್, ಮಾಡರೇಟ್, ಅಡ್ವಾನ್ಸ್‌ಡ್ ಅಂತ ಮೂರು ತರಾ. ನಾ ದೊಡ್ಡಸ್ತಿಕಿ ಮಾಡಿ ಅಡ್ವಾನ್ಸ್‌ಡ್ ಹಾಕಿದೆ, ಬಂದ ಪಟ್ಟಿ ನೋಡಿ ಎದಿ ಝಲ್ ಅಂತು, ಎಲ್ಲಾ ಸೆಲೆಕ್ಟ್ ಮಾಡೂ ಬಟನ್ ಮ್ಯಾಲೆ ಬೆರಳು ಹೋಗಿ ವಾಪಸ್ ಬಂತು. ನೀವು ಹಾಕೂದಾದ್ರ ಮಾಡರೇಟ್‌ನ್ಯಾಗ ಇರ್ರಿ. ಲಿಸ್ಟ್‌ನ್ಯಾಗ ಹೆಸರ ಇಲ್ಲದ್ದನ್ನ ಒತ್ತಾಯದಿಂದ ತಗಿಯೂ ಸೌಲತ್ತು ರೊಕ್ಕಾ ಕೊಡೂ ಪ್ರೋ ಒಳಗ. ಎಸ್ ಅನ್ನೂ ಒಂದು ಬಟನ್ ಫುಕಟ್ ಸಿಕ್ಕ ಮ್ಯಾಲೆ ನಾ ಅದಕ್ಕ ರೊಕ್ಕಾ ಕೊಡಾವಲ್ಲ. ಹತ್ತಿಪ್ಪತ್ತು ಗೇಮ್ ಒಮ್ಮೆಲೆ ತಗಿಯೂದಿದ್ರ ಬಲ್ಕ್ ಕ್ರ್ಯಾಪ್ (ಅಂದ್ರ ಹೊಲಸು) ಅನ್‌ಇನ್‌ಸ್ಟಾಲರ್ ಫುಕಟ್ ಐತಿ, ಹೆಸರು ಮಾತ್ರ ಮನಿಮಂದಿ ಮುಂದ ಹೇಳಬ್ಯಾಡ್ರಿ.

ಕಂಟ್ರೋಲ್ ಪ್ಯಾನಲ್‌ದು ಒಂದು ಕೊರತಿ ಮುಚ್ಚಿಡಂಗಿಲ್ಲ. ಸೈಜಿನ ಕಾಲಂ ಭಾಳ ಗೇಮಿಗೆ ಖಾಲಿ ಇರ್ತೈತಿ, ಸ್ಟೀಮ್‌ದಂತೂ ಹೆಚ್ಚೂಕಡಿಮಿ ಎಲ್ಲಾಕೂ. ಅದಕ್ಕ ನಾ ವಿಜ್‌ಟ್ರೀನ್ಯಾಗ ಮೊದಲ ನೋಡಿ ಯಾವುದು ಗಂಟು ಅಂತ ಪತ್ತೆ ಮಾಡ್ಕೊಂಡು, ಲಾಂಚರ್ ಇದ್ದದ್ದು ಲಾಂಚರ್‌ನಿಂದ, ಉಳಿದದ್ದು ಕಂಟ್ರೋಲ್ ಪ್ಯಾನಲ್‌ನಿಂದ ತಗದು, ಕಡೀಕ ಮತ್ತ ವಿಜ್‌ಟ್ರೀ ಒಮ್ಮೆ ಓಡಸ್ತೀನಿ. ಖರ್ಚು ಸೊನ್ನಿ.

ಈಗ ಸಿ ಡ್ರೈವ್‌ನ್ಯಾಗ 170ರ ಮ್ಯಾಲೆ ಜಿಬಿ ಖಾಲಿ, ಪಟ್ಟಿ ನೀಲಿ. ಬಸ್ಸು, ಪ್ರೊಫೈಲು, ಹನ್ನೆರಡು ಡ್ರೈವರ್ ಎಲ್ಲಾರನ್ನೂ 32 ಜಿಬಿ ಪೆನ್‌ಡ್ರೈವ್‌ಗೆ ಹತ್ತಿಸಿ, ಅದರ ಮ್ಯಾಲೆ ಸ್ಟಿಕರ್ ಹಚ್ಚಿ ಗದಗ ಡಿಪೋ ಅಂತ ಬರದೇನಿ. ದಸರಾ ಸೂಟಿಗೆ ಬರ್ತಾನಂತ.