ಹನ್ನೊಂದು ವರ್ಷದ ಮೇಲೆ ಬಂದ ಆಟ: ಇಎ ಸ್ಪೋರ್ಟ್ಸ್ ಕಾಲೇಜ್ ಫುಟ್‌ಬಾಲ್ 25

ಇಎ ಕಂಪನಿಯ ಈ ವಿಡಿಯೋ ಗೇಮ್ ಚೆಂಡನ್ನು ಕೈಯಲ್ಲಿ ಹಿಡಿದು ಓಡುವ, ಎಸೆಯುವ ಅಮೆರಿಕನ್ ಫುಟ್‌ಬಾಲಿನದ್ದು. ಕೊಳ್ಳುವವರಿಗೆ ಬೇಕಾದ ಲೆಕ್ಕ ಮೊದಲು. ಬಿಡುಗಡೆಯಾದಾಗ ಮಾಮೂಲಿ ಆವೃತ್ತಿಗೆ 69.99 ಡಾಲರ್, ಡೀಲಕ್ಸ್‌ಗೆ 99.99. ಪ್ಲೇಸ್ಟೇಷನ್ 5 ಅಥವಾ ಎಕ್ಸ್‌ಬಾಕ್ಸ್ ಸೀರೀಸ್ ಎಕ್ಸ್, ಸೀರೀಸ್ ಎಸ್ ಇದ್ದರಷ್ಟೇ ಓಡುತ್ತದೆ. ಪಿಸಿಗೆ ಬಂದಿಲ್ಲ, ಪ್ಲೇಸ್ಟೇಷನ್ 4ಕ್ಕೂ ಇಲ್ಲ. 2024ರ ಜುಲೈ 19ರಂದು ಮಾರುಕಟ್ಟೆಗೆ ಬಂತು, ಡೀಲಕ್ಸ್ ಕೊಂಡವರಿಗೆ 15ರಿಂದಲೇ ಆಡಲು ಸಿಕ್ಕಿತು. ಅಮೆರಿಕದ ಕಾಲೇಜು ಫುಟ್‌ಬಾಲಿನ ಮೇಲಿನ ಸ್ತರವಾದ ಎಫ್‌ಬಿಎಸ್‌ನ ಆಗಿನ 134 ತಂಡಗಳೂ ಇದರಲ್ಲಿವೆ. ಆ ವರ್ಷವೇ ಶುರುವಾದ 12 ತಂಡಗಳ ಪ್ಲೇಆಫ್ ಕೂಡ ಇದೆ.

ಇನ್ನೊಂದು ಲೆಕ್ಕ ಡಬ್ಬದ ಮೇಲೆ ಕಾಣುವುದಿಲ್ಲ. ಗೇಮಿನಲ್ಲಿ ತನ್ನ ಹೆಸರು, ಚಹರೆ ಬಳಸಲು ಒಪ್ಪಿ ಸಹಿ ಹಾಕಿದ ಪ್ರತಿ ಕಾಲೇಜು ಆಟಗಾರನಿಗೆ ಸಿಕ್ಕಿದ್ದು 600 ಡಾಲರ್ ಮತ್ತು ಗೇಮಿನ ಒಂದು ಪ್ರತಿ. ತಂಡಕ್ಕೆ 85 ಜನರಂತೆ 134 ತಂಡಕ್ಕೆ 11,390 ಜಾಗ. ಅದರಲ್ಲಿ 11,000ಕ್ಕೂ ಹೆಚ್ಚು ಜನ ಸಹಿ ಹಾಕಿದರು. ಒಟ್ಟು ಸುಮಾರು 66 ಲಕ್ಷ ಡಾಲರ್. ಬಿಡುಗಡೆಗೆ ಮುಂಚಿನ ಆ ನಾಲ್ಕು ದಿನಗಳಲ್ಲೇ ದುಬಾರಿ ಆವೃತ್ತಿ ಕೊಂಡು ಆಡಿದವರು 22 ಲಕ್ಷ ದಾಟಿದರು ಎಂದು ಇಎ ಹೇಳಿತ್ತು. ತಲೆಗೆ 100 ಡಾಲರ್ ಹಿಡಿದರೂ 22 ಕೋಟಿ. ಅಂಗಡಿಯವರ ಪಾಲು, ತಯಾರಿಕೆಯ ಖರ್ಚು, ಕಾಲೇಜುಗಳ ಪರವಾನಗಿ ಶುಲ್ಕ ಎಲ್ಲ ಇದರಲ್ಲೇ ಹೋಗಬೇಕು, ನಿಜ. ಆದರೂ ಮೊದಲ ನಾಲ್ಕು ದಿನದ ವಹಿವಾಟಿನ ಮುಂದಿಟ್ಟರೂ ಆಟಗಾರರೆಲ್ಲರ ಪಾಲು ನೂರಕ್ಕೆ ಮೂರು.

ಈ ಗೇಮನ್ನು ತೂಗುವಾಗ ಇದು ಯಾಕೆ ಹನ್ನೊಂದು ವರ್ಷ ಇರಲಿಲ್ಲ ಎಂಬುದನ್ನು ಬಿಟ್ಟು ತೂಗಲಾಗದು. ಹಿಂದಿನದು 2013ರ ಜುಲೈಯಲ್ಲಿ ಬಂದ ಎನ್‌ಸಿಎಎ ಫುಟ್‌ಬಾಲ್ 14. ಎನ್‌ಸಿಎಎ ಎಂದರೆ ಅಲ್ಲಿನ ಕಾಲೇಜು ಕ್ರೀಡೆಯನ್ನು ನಿಯಂತ್ರಿಸುವ ಸಂಸ್ಥೆ. ಅದರ ಆ ಕಾಲದ ನಿಯಮದ ಪ್ರಕಾರ ಕಾಲೇಜು ಆಟಗಾರ ಹವ್ಯಾಸಿ. ಸ್ಕಾಲರ್‌ಶಿಪ್ ಬಿಟ್ಟು ತನ್ನ ಹೆಸರಿನಿಂದ, ಮುಖದಿಂದ ಒಂದು ಕಾಸು ಪಡೆದರೂ ಆಡುವ ಅರ್ಹತೆ ಹೋಗುತ್ತಿತ್ತು. ಹಾಗಾಗಿ ಗೇಮಿನಲ್ಲಿ ಹೆಸರು ಹಾಕುವಂತಿರಲಿಲ್ಲ. ಇಎ ಮಾಡಿದ್ದು ಬೆಕ್ಕು ಕಣ್ಣು ಮುಚ್ಚಿ ಹಾಲು ಕುಡಿದಂಥ ಕೆಲಸ. ಜೆರ್ಸಿ ಸಂಖ್ಯೆ, ಎತ್ತರ, ತೂಕ, ಮೈಬಣ್ಣ, ತವರು ರಾಜ್ಯ ಎಲ್ಲ ಅಸಲಿ ಆಟಗಾರನದ್ದೇ. ಹೆಸರಿನ ಜಾಗದಲ್ಲಿ ಮಾತ್ರ ‘ಕ್ವಾರ್ಟರ್‌ಬ್ಯಾಕ್ 9’ (ಚೆಂಡು ಎಸೆದು ಆಟ ನಡೆಸುವವನು ಕ್ವಾರ್ಟರ್‌ಬ್ಯಾಕ್). ಹೆಸರು ತುಂಬಿದ ಪಟ್ಟಿಯನ್ನು ಆಡುವವರೇ ಸಿದ್ಧಪಡಿಸಿ ಹಂಚಿಕೊಳ್ಳಲು ಸೌಲಭ್ಯವೂ ಇತ್ತು. ಆ 9 ತಾನೇ ಎಂದು ಗುರುತಿಸಿದ ಮಾಜಿ ಕಾಲೇಜು ಕ್ವಾರ್ಟರ್‌ಬ್ಯಾಕ್ ಸ್ಯಾಮ್ ಕೆಲ್ಲರ್ 2009ರಲ್ಲಿ ಕೋರ್ಟಿಗೆ ಹೋದರು. ಅದೇ ವರ್ಷ ಎಡ್ ಓಬ್ಯಾನನ್ ಕೂಡ ಹೋದರು. 1995ರಲ್ಲಿ ಯುಸಿಎಲ್‌ಎಗೆ ಬ್ಯಾಸ್ಕೆಟ್‌ಬಾಲ್ ಪ್ರಶಸ್ತಿ ಗೆದ್ದುಕೊಟ್ಟವರು ಅವರು. ಗೆಳೆಯರ ಮನೆಯ ಟಿವಿಯಲ್ಲಿ ಓಡುತ್ತಿದ್ದ ಬ್ಯಾಸ್ಕೆಟ್‌ಬಾಲ್ ಗೇಮಿನಲ್ಲಿ ತನ್ನಂತೆಯೇ ಬೋಳು ತಲೆಯ, ಎಡಗೈಯ, 31ರ ಜೆರ್ಸಿಯ ಆಟಗಾರನನ್ನು ಕಂಡಿದ್ದರು. ಎನ್‌ಸಿಎಎ 2013ರಲ್ಲಿ ಇಎ ಜೊತೆಗಿನ ಪರವಾನಗಿ ನವೀಕರಿಸದೆ ಬಿಟ್ಟಿತು, ಮುಂದಿನ ಗೇಮ್ ರದ್ದಾಯಿತು. ಕೊನೆಗೆ ಇಎ ಮತ್ತು ಕಾಲೇಜುಗಳ ಪರವಾನಗಿ ನೋಡಿಕೊಳ್ಳುವ ಸಂಸ್ಥೆ ಸೇರಿ 4 ಕೋಟಿ ಡಾಲರ್, ಎನ್‌ಸಿಎಎ 2 ಕೋಟಿ ಡಾಲರ್ ಕೊಟ್ಟು ರಾಜಿ ಮಾಡಿಕೊಂಡವು.

ಬಾಗಿಲು ತೆರೆದದ್ದು 2021ರಲ್ಲಿ. ಜೂನ್ 21ರಂದು ಅಮೆರಿಕದ ಸುಪ್ರೀಂ ಕೋರ್ಟಿನ ಒಂಬತ್ತೂ ನ್ಯಾಯಮೂರ್ತಿಗಳು ಆಲ್ಸ್‌ಟನ್ ಮೊಕದ್ದಮೆಯಲ್ಲಿ ಎನ್‌ಸಿಎಎ ವಿರುದ್ಧ ತೀರ್ಪು ಕೊಟ್ಟರು. ಆ ತೀರ್ಪು ಓದಿನ ಖರ್ಚಿಗೆ ಸಂಬಂಧಿಸಿದ ಸೌಲಭ್ಯಗಳ ಮಿತಿಯನ್ನಷ್ಟೇ ಕಿತ್ತುಹಾಕಿತು. ಆದರೆ ಸರಕಿನ ಸೊಗಸೇ ಕೆಲಸದವರಿಗೆ ಸಂಬಳ ಕೊಡದಿರುವುದರಲ್ಲಿದೆ ಎಂಬ ವಾದ ದೇಶದ ಬೇರೆ ಯಾವ ಉದ್ಯಮದಲ್ಲೂ ನಿಲ್ಲದು ಎಂಬ ಧಾಟಿಯಲ್ಲಿ ನ್ಯಾಯಮೂರ್ತಿ ಕವನಾ ಪ್ರತ್ಯೇಕವಾಗಿ ಬರೆದರು. ಜುಲೈ 1ರಿಂದ ಆಟಗಾರರು ತಮ್ಮ ಹೆಸರು, ಚಿತ್ರ, ಚಹರೆಯಿಂದ ದುಡಿಯಬಹುದು ಎಂದಾಯಿತು. ಎನ್‌ಐಎಲ್ ಎಂದು ಎಲ್ಲರ ಬಾಯಲ್ಲಿರುವುದು ಇದೇ. ಮುಖಪುಟವನ್ನೇ ನೋಡಿ: ಹಳೆಯ ಗೇಮುಗಳ ಮೇಲೆ ಇರುತ್ತಿದ್ದವರು ಕಾಲೇಜು ಬಿಟ್ಟು ವೃತ್ತಿಗೆ ಇಳಿದವರು. 25ರ ಮೇಲೆ ಟ್ರ್ಯಾವಿಸ್ ಹಂಟರ್, ಕ್ವಿನ್ ಯೂವರ್ಸ್, ಡಾನೋವನ್ ಎಡ್ವರ್ಡ್ಸ್, ಮೂವರೂ ಆಗ ಕಾಲೇಜಿನಲ್ಲೇ ಆಡುತ್ತಿದ್ದವರು. ಹೆಸರಿನಿಂದ ‘ಎನ್‌ಸಿಎಎ’ ಉದುರಿಹೋಗಿದೆ. ಅದನ್ನು ಯಾರೂ ಹುಡುಕಿದಂತಿಲ್ಲ.

ಇನ್ನು ಆಟ. ವೃತ್ತಿಪರ ಲೀಗಿನ ಗೇಮ್ ಮ್ಯಾಡನ್ ಆಡಿ ಬಂದವರಿಗೆ ಮೊದಲು ತಟ್ಟುವುದು ಸದ್ದು. ಎದುರಾಳಿಯ ಕ್ರೀಡಾಂಗಣದಲ್ಲಿ ಜನ ಕೂಗತೊಡಗಿದರೆ ಪರದೆ ಅದುರುತ್ತದೆ, ಕಂಟ್ರೋಲರ್ ನಡುಗುತ್ತದೆ, ಓಟದ ದಾರಿ ತೋರಿಸುವ ಗೆರೆಗಳು ವಂಕಿವಂಕಿಯಾಗಿ ಓದಲು ಬಾರದಂತಾಗುತ್ತವೆ. ಇಎ ಕೊಟ್ಟ ಕಠಿಣ ಕ್ರೀಡಾಂಗಣಗಳ ಪಟ್ಟಿಯಲ್ಲಿ ಟೆಕ್ಸಸ್ ಎ ಆ್ಯಂಡ್ ಎಮ್‌ನ ಕೈಲ್ ಫೀಲ್ಡ್ ಮೊದಲು, ಅಲಬಾಮಾದ ಬ್ರಯಂಟ್-ಡೆನ್ನಿ ಎರಡನೆಯದು. ಅನುಭವ ಕಡಿಮೆಯಿರುವ ಕ್ವಾರ್ಟರ್‌ಬ್ಯಾಕ್‌ನನ್ನು ಅಲ್ಲಿಗೆ ಕರೆದೊಯ್ದರೆ ಮೂರನೇ ಡೌನ್‌ಗೆ (ಹತ್ತು ಗಜ ಸಾಗಲು ಸಿಗುವ ನಾಲ್ಕು ಯತ್ನಗಳಲ್ಲಿ ಒಂದೊಂದೂ ಒಂದು ಡೌನ್) ಉದ್ದ ಪಾಸ್ ಕರೆಯಬೇಡಿ. ಮೊದಲೆರಡು ಡೌನ್‌ಗಳಲ್ಲಿ ಓಡಿ, ಮೂರನೆಯದಕ್ಕೆ ಮೂರು-ನಾಲ್ಕು ಗಜ ಮಾತ್ರ ಉಳಿಯುವಂತೆ ನೋಡಿಕೊಳ್ಳಿ.

ಪಾಸ್ ಮಾಡುವಾಗ ಬಟನ್ ಒತ್ತಿ ಹಿಡಿದಷ್ಟೂ ಚೆಂಡು ಬಿರುಸು, ಮೀಟರ್ ನೀಲಿ ಇರುವಾಗ ಬಿಟ್ಟರೆ ಗುರಿ. ಹೊಸಬರ ಚೆಂಡು ಎದುರಾಳಿಯ ಪಾಲಾಗುವುದು ಬಹುಮಟ್ಟಿಗೆ ಬಟನ್ ಬಿಡುವುದು ತಡವಾಗಿಯೇ ಹೊರತು ಪ್ಲೇ ತಪ್ಪು ಆರಿಸಿ ಅಲ್ಲ. ‘ವೇರ್ ಆ್ಯಂಡ್ ಟೇರ್’ ಎಂಬುದು ಈ ಗೇಮಿನ ಒಳ್ಳೆಯ ಯೋಚನೆ. ಪ್ರತಿ ಪೆಟ್ಟೂ ದೇಹದ ಆಯಾ ಭಾಗದ ಲೆಕ್ಕಕ್ಕೆ ಸೇರುತ್ತದೆ. ಎಸೆಯುವ ಭುಜಕ್ಕೆ ಪೆಟ್ಟು ಜಮೆಯಾದರೆ ಎಸೆತದ ಬಲ, ಗುರಿ ಎರಡೂ ಕುಗ್ಗುತ್ತವೆ. ಹಾಗಾಗಿ ಕ್ವಾರ್ಟರ್‌ಬ್ಯಾಕ್ ಓಡಿದಾಗ ಕೊನೆಗೆ ಜಾರಿ ಕೂರುವುದನ್ನು ರೂಢಿಸಿಕೊಳ್ಳಿ. ಗೇಮಿನಲ್ಲಿ ಇಷ್ಟು ಕರಾರುವಾಕ್ಕಾಗಿ ಲೆಕ್ಕ ಇಡುವ ಈ ಪೆಟ್ಟಿಗೆ ವಾಸ್ತವದಲ್ಲಿ ಲೆಕ್ಕವೇ ಇಲ್ಲದ ಚರಿತ್ರೆಯಿದೆ. 1955ರಲ್ಲಿ ಆಡುವಾಗ ಪೆಟ್ಟಾಗಿ ತೀರಿಕೊಂಡ ರೇ ಡೆನ್ನಿಸನ್ ಅವರ ಪತ್ನಿ ಕಾರ್ಮಿಕ ಪರಿಹಾರ ಕೇಳಿದಾಗ, ಆತ ನೌಕರನಲ್ಲ ಎಂದು ಕೊಲರಾಡೋ ಸುಪ್ರೀಂ ಕೋರ್ಟ್ 1957ರಲ್ಲಿ ಹೇಳಿತು. ‘ವಿದ್ಯಾರ್ಥಿ-ಕ್ರೀಡಾಪಟು’ ಎಂಬ ಪದವನ್ನು ಎನ್‌ಸಿಎಎ ಆ ದಶಕದಲ್ಲೇ ಬಳಕೆಗೆ ತಂದಿತು; ಇಂಥ ಪರಿಹಾರದ ಅರ್ಜಿಗಳ ಎದುರು ಅದು ಗುರಾಣಿಯಾಯಿತು.

ಗಂಟೆಗಟ್ಟಲೆ ಹಿಡಿದಿಡುವುದು ಡೈನಾಸ್ಟಿ ಮೋಡ್. ಕೋಚ್ ಆಗಿ 30 ಋತು ನಡೆಸಬಹುದು, ಆನ್‌ಲೈನಿನಲ್ಲಿ 32 ಜನ ಒಟ್ಟಿಗೆ ಸೇರಬಹುದು. ಜೀವಾಳ ರಿಕ್ರೂಟಿಂಗ್, ಅಂದರೆ ಹುಡುಗರನ್ನು ತಂಡಕ್ಕೆ ಸೆಳೆಯುವುದು. ಪಟ್ಟಿಯಲ್ಲಿ 35 ಹೈಸ್ಕೂಲ್ ಹುಡುಗರಿಗೆ ಜಾಗ. ಪ್ರತಿ ವಾರ ಇಷ್ಟು ಗಂಟೆ ಎಂದು ಬಂಡವಾಳ. ಒಬ್ಬನ ಮೇಲೆ ವಾರಕ್ಕೆ 50 ಗಂಟೆಗಿಂತ ಹೆಚ್ಚು ಸುರಿಯುವಂತಿಲ್ಲ. ಎಲ್ಲರೂ ಮಾಡುವ ತಪ್ಪೆಂದರೆ ಗಂಟೆಗಳನ್ನು ಮೂವತ್ತೈದೂ ಜನರಿಗೆ ಹಂಚುವುದು. ಹಾಗೆ ಮಾಡಿದರೆ ಎಲ್ಲರ ಪಟ್ಟಿಯಲ್ಲೂ ನಾಲ್ಕನೆಯವರಾಗಿ ಉಳಿಯುತ್ತೀರಿ. ಮೊದಲು ಸ್ಕೌಟ್ ಮಾಡಿ, ಅಂದರೆ ಹುಡುಗನ ಅಸಲಿ ಸಾಮರ್ಥ್ಯ ತಿಳಿದುಕೊಳ್ಳಿ: ಹಸಿರು ರತ್ನದ ಗುರುತು ಬಂದವನು ಅವನಿಗೆ ಕೊಟ್ಟ ನಕ್ಷತ್ರಗಳ ದರ್ಜೆ ಹೇಳುವುದಕ್ಕಿಂತ ಮೇಲು, ಕೆಂಪು ಬಂದವನು ಕೀಳು. ಹದಿನೈದರಷ್ಟು ಜನರನ್ನು ಉಳಿಸಿಕೊಂಡು ಅವರ ಮೇಲೆ ಸುರಿಯಿರಿ. ಹುಡುಗನೊಬ್ಬನ ಆಯ್ಕೆಯ ಕೊನೆಯ ಐದು ಕಾಲೇಜುಗಳಲ್ಲಿ ನಿಮ್ಮದು ಬಂದಾಗ ಭೇಟಿಗೆ ಕರೆಯಬಹುದು. ಗೆಲ್ಲುವ ಭರವಸೆಯಿರುವ ಪಂದ್ಯದ ವಾರವೇ ಕರೆಸಿ. ಸೋತರೆ ಕರೆಸಿದ್ದು ದಂಡ. ಕ್ವಾರ್ಟರ್‌ಬ್ಯಾಕ್ ಜೊತೆ ಪಾಸ್ ಹಿಡಿಯುವ ರಿಸೀವರ್‌ನನ್ನು ಕರೆಸಿದರೆ ಇಬ್ಬರಿಗೂ ಲಾಭ, ಇಬ್ಬರು ಕ್ವಾರ್ಟರ್‌ಬ್ಯಾಕ್‌ಗಳನ್ನು ಒಂದೇ ವಾರ ಕರೆಸಿದರೆ ಇಬ್ಬರೂ ಮುನಿಯುತ್ತಾರೆ.

ಹುಡುಗನ ಮನಸ್ಸು ಒಲಿಯುವುದಕ್ಕೆ ಗೇಮ್ 14 ಕಾರಣಗಳನ್ನು ಇಟ್ಟಿದೆ: ಆಡಲು ಸಿಗುವ ಅವಕಾಶ, ಆಟದ ಶೈಲಿ, ತಂಡದ ಪರಂಪರೆ, ಕ್ಯಾಂಪಸ್ ಬದುಕು, ಓದಿನ ಹೆಸರು, ಕೋಚ್‌ನ ಸ್ಥಿರತೆ, ವ್ಯಾಯಾಮಶಾಲೆ, ಮನೆಗೆ ಎಷ್ಟು ಹತ್ತಿರ, ಹೀಗೆ. ಹದಿನಾಲ್ಕರಲ್ಲಿ ದುಡ್ಡು ಇಲ್ಲ. ಹತ್ತಿರಕ್ಕೆ ಬರುವುದು ‘ಬ್ರ್ಯಾಂಡ್ ಎಕ್ಸ್‌ಪೋಶರ್’ ಒಂದೇ, ಅದೂ ಎ ಪ್ಲಸ್, ಬಿ ಮೈನಸ್ ಎಂಬ ದರ್ಜೆಯಾಗಿ. ಆಟಗಾರರಿಗೆ ದುಡ್ಡು ಕೊಡಬಹುದು ಎಂದಾದದ್ದರಿಂದಲೇ ಹುಟ್ಟಿದ ಗೇಮ್ ತನ್ನೊಳಗೆ ಮಾತ್ರ 2013ರ ಹವ್ಯಾಸಿ ಲೋಕವನ್ನೇ ಕಾಪಿಟ್ಟುಕೊಂಡಿದೆ. ಕಾಲೇಜು ಬದಲಿಸುವವರ ಪಟ್ಟಿಯಾದ ಟ್ರಾನ್ಸ್‌ಫರ್ ಪೋರ್ಟಲ್ ಇದೆ, ನಿಮ್ಮ ಒಳ್ಳೆಯ ಆಟಗಾರ ಬೇರೆ ಕಾಲೇಜಿಗೆ ಹಾರುತ್ತಾನೆ. ಯಾಕೆ ಹಾರಿದ ಎಂದರೆ ‘ಆಡಲು ಅವಕಾಶ ಸಿಗಲಿಲ್ಲ’. ನಿಜದ ಪೋರ್ಟಲ್‌ನಲ್ಲಿ ಇದೊಂದೇ ಉತ್ತರ ಹೇಳಿದರೆ ನಕ್ಕಾರು. ಋತು ಮುಗಿದ ಮೇಲೆ ತಂಡವನ್ನು 85ಕ್ಕೆ ಇಳಿಸಬೇಕು; ಹೆಚ್ಚಾದವರನ್ನು ನೀವೇ ಹೊರಗೆ ತಳ್ಳುತ್ತೀರಿ, ಗೇಮ್ ಇದನ್ನು ‘ವರ್ಗಾವಣೆಗೆ ಪ್ರೋತ್ಸಾಹ’ ಎಂದು ಕರೆಯುತ್ತದೆ. ಸ್ಕಾಲರ್‌ಶಿಪ್ಪೇ ಸಂಬಳಕ್ಕೆ ಸಮ ಎಂದು ವಾದಿಸುವವರು ಈ ಒಂದು ಮೆನುವನ್ನು ನೋಡಬೇಕು.

ಒಬ್ಬನೇ ಆಟಗಾರನಾಗಿ ಆಡುವ ‘ರೋಡ್ ಟು ಗ್ಲೋರಿ’ಯಲ್ಲಿ ಎನ್‌ಐಎಲ್ ಸ್ವಲ್ಪ ಇಣುಕುತ್ತದೆ. ಓದು, ಅಭ್ಯಾಸ, ಆರೋಗ್ಯ, ನಾಯಕತ್ವ, ಬ್ರ್ಯಾಂಡ್ ಇವುಗಳಿಗೆ ವಾರದ ಸಮಯ ಹಂಚಬೇಕು. ಯೋಚನೆ ಚೆನ್ನ, ಎರಡನೇ ಋತುವಿಗೇ ಬೇಸರ: ಅವೇ ಪ್ರಶ್ನೆ, ಅವೇ ಆಯ್ಕೆ. ಅಲ್ಟಿಮೇಟ್ ಟೀಮ್ ಬಗ್ಗೆ ಹೇಳಲು ಹೆಚ್ಚಿಲ್ಲ. ಕಾರ್ಡುಗಳ ಪೊಟ್ಟಣ ಕೊಳ್ಳಲು ಮತ್ತೆ ಹಣ ಬೇಡುವ ಮೋಡ್. ಮುಟ್ಟದೆಯೂ ಗೇಮ್ ಪೂರ್ತಿಯಾಗುತ್ತದೆ.

600 ಡಾಲರ್ ಒಪ್ಪಂದದ ಒಳಗನ್ನೂ ನೋಡಬೇಕು. ಪ್ರಸಿದ್ಧ ಕ್ವಾರ್ಟರ್‌ಬ್ಯಾಕ್‌ಗೂ ಬೆಂಚಿನಿಂದ ಏಳದ ಮೂರನೆಯವನಿಗೂ ಒಂದೇ ಮೊತ್ತ. ಮುಖಪುಟ, ಪ್ರಚಾರ ಮಾಡಿದವರಿಗೆ ಬೇರೆ. ಮಾರಾಟದ ಮೇಲೆ ರಾಯಧನ ಇಲ್ಲ. 2024ರ ಅಮೆರಿಕದ ತೆರಿಗೆ ನಿಯಮದಲ್ಲಿ ಇಂಥ ಆದಾಯಕ್ಕೆ 1099 ನಮೂನೆ (ತೆರಿಗೆ ಇಲಾಖೆಗೂ ಹೋಗುವ ಆದಾಯದ ವರದಿ) ಬರುವ ಮಿತಿಯೂ ಸರಿಯಾಗಿ 600, ಹಾಗಾಗಿ ಕೈಗೆ ಬಂದದ್ದೆಲ್ಲ ಉಳಿಯುವುದೂ ಅಲ್ಲ. ಸಹಿ ಹಾಕದವನ ಜಾಗಕ್ಕೆ ಕಲ್ಪಿತ ಆಟಗಾರ ಬರುತ್ತಾನೆ, ಅವನನ್ನು ತಿದ್ದಿ ಅಸಲಿ ಹೆಸರು ಕೊಡದಂತೆ ಬೀಗ ಹಾಕಲಾಗಿದೆ. ಹಳೆಯ ಮೊಕದ್ದಮೆಗಳಿಂದ ಕಲಿತ ಪಾಠ ಇದು. ಟೆಕ್ಸಸ್‌ನ ಕ್ವಾರ್ಟರ್‌ಬ್ಯಾಕ್ ಆರ್ಚ್ ಮ್ಯಾನಿಂಗ್ ಮೊದಲು ಹೊರಗುಳಿದು, ಬಿಡುಗಡೆಯಾದ ಮೇಲೆ ಆಗಸ್ಟ್‌ನಲ್ಲಿ ಸೇರಿದರು. ಎಲ್ಲರಿಗೂ ಸಮಾನ ಮೊತ್ತ ಅನ್ಯಾಯ ಎನ್ನುವವರಿದ್ದಾರೆ. ಗುಂಪು ಪರವಾನಗಿಗೆ ಅದೇ ಸುಲಭದ ದಾರಿ ಎನ್ನುವುದನ್ನು ಒಪ್ಪಬಹುದು. ರಾಯಧನ ಇಲ್ಲದಿರುವುದನ್ನು ಒಪ್ಪಲು ಕಾರಣ ಕಾಣದು. ಚೌಕಾಸಿ ಮಾಡಲು ಆಟಗಾರರಿಗೆ ಸಂಘವೇ ಇರಲಿಲ್ಲ.

ಡೈನಾಸ್ಟಿಯಲ್ಲಿ ನಾಲ್ಕೈದು ಋತು ದಾಟಿದ ಮೇಲೆ ಇನ್ನೊಂದು ಸಂಗತಿ ಕಾಣುತ್ತದೆ. ಆಗ ತಂಡದಲ್ಲಿ ಒಬ್ಬನೂ ನಿಜದ ಆಟಗಾರ ಉಳಿದಿರುವುದಿಲ್ಲ. ಎಲ್ಲರೂ ಪದವಿ ಮುಗಿಸಿ ಹೋಗಿರುತ್ತಾರೆ, ಬಂದವರೆಲ್ಲ ಗೇಮ್ ಹೆಣೆದ ಹೆಸರುಗಳು. ಆದರೂ ಆಟದ ರುಚಿ ಕೆಡುವುದಿಲ್ಲ. ಜನ ಬರುವುದು ಜೆರ್ಸಿಯ ಮುಂಭಾಗದ ಹೆಸರಿಗೆ, ಬೆನ್ನ ಮೇಲಿನದಕ್ಕಲ್ಲ ಎಂದು ಕಾಲೇಜುಗಳು ಮೊದಲಿನಿಂದ ಹೇಳಿಕೊಂಡು ಬಂದ ಮಾತಿಗೆ ಇದಕ್ಕಿಂತ ಗಟ್ಟಿ ಸಾಕ್ಷಿ ಸಿಗದು. ಹಾಗಿದ್ದರೆ ಇಎ 2014ರಿಂದಲೇ ಕಲ್ಪಿತ ಹೆಸರುಗಳ ಗೇಮನ್ನು ಮಾರಬಹುದಿತ್ತಲ್ಲ? ಮಾರಲಿಲ್ಲ. ಮೊದಲ ಋತುವಿನ ಆ ಅಸಲಿ ಹುಡುಗರಿಲ್ಲದೆ ಐದನೇ ಋತುವಿನವರೆಗೆ ಯಾರನ್ನೂ ಕರೆತರಲಾಗದು ಎಂಬುದು ಮಾರುವವರಿಗೆ ಗೊತ್ತಿತ್ತು.

ಯಾವುದನ್ನು ಕೊಳ್ಳಬೇಕು? ಡೈನಾಸ್ಟಿ ಒಂದೇ ಸಾಕು ಎನ್ನುವವರಿಗೆ 25 ಸಾಕು, ಅಗ್ಗಕ್ಕೆ ಸಿಕ್ಕರೆ ಡಿಸ್ಕ್ ಕೊಳ್ಳಿ. 2025ರ ಆಟಗಾರರು, ಅಸಲಿ ಕೋಚ್‌ಗಳು ಬೇಕೆಂದರೆ 2025ರ ಜುಲೈ 10ರಂದು ಬಂದ 26 ಇದೆ. ತಂಡಗಳು 136, ಮುಖಪುಟದಲ್ಲಿ ಜೆರೆಮಯಾ ಸ್ಮಿತ್ ಮತ್ತು ರಯಾನ್ ವಿಲಿಯಮ್ಸ್. ಅದು ಬರುವ ಒಂದು ತಿಂಗಳು ಮುಂಚೆ, ಜೂನ್ 6ರಂದು, ಆಟಗಾರರು ಎನ್‌ಸಿಎಎ ಮೇಲೆ ಹೂಡಿದ್ದ ಹೌಸ್ ಮೊಕದ್ದಮೆಯ ರಾಜಿಗೆ ಕೋರ್ಟು ಒಪ್ಪಿಗೆ ಕೊಟ್ಟಿತ್ತು: ಹಳೆಯ ಆಟಗಾರರಿಗೆ ಸುಮಾರು 280 ಕೋಟಿ ಡಾಲರ್ ಬಾಕಿ, ಈಗಿನವರಿಗೆ ಕಾಲೇಜೇ ನೇರವಾಗಿ ಕೊಡಬಹುದಾದ ಹಣ ಮೊದಲ ವರ್ಷ ಒಂದು ಕಾಲೇಜಿಗೆ 2.05 ಕೋಟಿ ಡಾಲರಿನವರೆಗೆ. ಗೇಮಿನಲ್ಲಿ ಹೆಸರು ಕೊಟ್ಟದ್ದಕ್ಕೆ ಆಟಗಾರನಿಗೆ ಸಿಗುವ ಮೊತ್ತವೂ 600ರಿಂದ 1,500 ಡಾಲರ್‌ಗೆ ಏರಿತು. ಬಿಡುಗಡೆಯಲ್ಲಿ ಮಾಮೂಲಿ ಆವೃತ್ತಿಯ ಬೆಲೆ ಅದೇ 69.99 ಇತ್ತು.