ಅಂಗಳಕ್ಕೊಂದು ಚೆಂಡು, ಹಾಲ್‌ಗೊಂದು ಚೆಂಡು

ಎರಡು ವರ್ಷದಲ್ಲಿ ನಮ್ಮ ಮನೆಗೆ ನಾಲ್ಕು ಬಾಸ್ಕೆಟ್‌ಬಾಲ್ ಬಂದವು. ಒಂದು ಕುಂಬಳಕಾಯಿ ಆಯಿತು. ಇನ್ನೊಂದು ಅಡುಗೆಮನೆಯ ಅಟ್ಟದಲ್ಲಿ ಪ್ರಾಣ ಬಿಟ್ಟಿತು. ಉಳಿದೆರಡು ಚೆನ್ನಾಗಿವೆ. ಮಕ್ಕಳಿಗೆ ಚೆಂಡು ಕೊಡಿಸಬೇಕು ಅಂತಿರುವವರು ನಮ್ಮ ದುಡ್ಡು ಹೋದ ದಾರಿಯನ್ನು ಒಮ್ಮೆ ನೋಡಿಕೊಳ್ಳಲಿ ಅಂತ ಬರೆಯುತ್ತಿದ್ದೇನೆ.

ಶಿರಸಿ ಪೇಟೆಯಿಂದ ಸ್ವಲ್ಪ ಒಳಗೆ ನಮ್ಮ ಮನೆ. ಅಡಿಕೆ ಒಣಗಿಸುವ ಸಿಮೆಂಟ್ ಅಂಗಳವೇ ಮಗಳ ಕೋರ್ಟ್. ವೆಲ್ಡಿಂಗ್ ಅಂಗಡಿಯಲ್ಲಿ 45 ಸೆಂಟಿಮೀಟರಿನ ರಿಂಗ್ ಮಾಡಿಸಿ, ಕಬ್ಬಿಣದ ಕಂಬಕ್ಕೆ ಹತ್ತು ಅಡಿ ಎತ್ತರದಲ್ಲಿ ಕೂರಿಸಿದೆ. ಹಿಂದಿನ ಹಲಗೆಗೆ ಮೊದಲು ಅಡಿಕೆ ದಬ್ಬೆ ಹೊಡೆದಿದ್ದೆ. ಖರ್ಚಿಲ್ಲ ನೋಡಿ. ಆದರೆ ಆ ಉಬ್ಬುತಗ್ಗಿಗೆ ಬಡಿದ ಚೆಂಡು ಒಮ್ಮೆ ಕೊಟ್ಟಿಗೆಗೆ, ಒಮ್ಮೆ ತೋಟಕ್ಕೆ. ಕಡೆಗೆ ಪ್ಲೈವುಡ್ ಹಾಕಿದೆ.

ಮೊದಲ ಚೆಂಡು ತಂದವನು ನಾನೇ, ಮಗಳನ್ನು ಕೇಳದೆ. ಸಿಕ್ಕಿದ್ದರಲ್ಲಿ ಅಗ್ಗದ ರಬ್ಬರ್ ಚೆಂಡು, 7ನೇ ನಂಬರು. ತೊಂಬತ್ತರ ದಶಕದಲ್ಲಿ ನಾನು ಧಾರವಾಡದಲ್ಲಿ ಓದುವಾಗ ಹುಡುಗಿಯರೂ ಅದರಲ್ಲೇ ಆಡುತ್ತಿದ್ದರು. 2004ರಿಂದ ಅಂತರರಾಷ್ಟ್ರೀಯ ಆಟದಲ್ಲೂ ಹೆಂಗಸರಿಗೆ ಅದಕ್ಕಿಂತ ಚಿಕ್ಕ 6ನೇ ನಂಬರು ಬಂದದ್ದು ನನಗೆ ಗೊತ್ತೇ ಇರಲಿಲ್ಲ. ಹದಿಮೂರರ ಹುಡುಗಿ ಎರಡು ಕೈಯಲ್ಲಿ ಹೊಟ್ಟೆಯಿಂದ ಎತ್ತಿ ಎಸೆಯತೊಡಗಿದಳು, ಗೊಬ್ಬರದ ಬುಟ್ಟಿ ಎತ್ತಿದ ಹಾಗೆ. "ಅಪ್ಪಯ್ಯ, ಇದು ನಂಗೆ ದೊಡ್ಡ ಆಗ್ತು" ಅಂದಳು. ರೂಢಿ ಆಗ್ತದೆ ಅಂತ ನಾನು ಸುಮ್ಮನಿದ್ದೆ. ಆಗಲಿಲ್ಲ. ಭುಜ ನೋವು ಬಂತು, ಅಷ್ಟೇ.

ಈಗ ಲೆಕ್ಕ ಬಾಯಿಪಾಠ. 7ನೇ ನಂಬರಿನ ಸುತ್ತಳತೆ 75ರಿಂದ 77 ಸೆಂಟಿಮೀಟರ್, ತೂಕ 600 ಗ್ರಾಂ ಆಸುಪಾಸು. 6ನೇದು ಸುಮಾರು 72.5 ಸೆಂಟಿಮೀಟರ್, 510ರಿಂದ 550 ಗ್ರಾಂ. ಪ್ರಾಥಮಿಕ ಶಾಲೆಯ ಮಕ್ಕಳಿಗೆ 5. ಹೊಸ ಚೆಂಡು ಬಂದರೆ ನಾನು ಬಾಳೆಪಟ್ಟೆ ಸುತ್ತಿ ಅಳೆಯುತ್ತೇನೆ, ಕಾಳುಮೆಣಸು ತೂಗುವ ತಕ್ಕಡಿಯಲ್ಲಿ ಇಡುತ್ತೇನೆ. ಮನೆಯವರು ನಗುತ್ತಾರೆ, ನಗಲಿ.

ಆ ಚೆಂಡು ಕುಂಬಳಕಾಯಿ ಆದದ್ದು ಗಾಳಿಯಿಂದ. ಬೇಕಾದದ್ದು ಏಳರಿಂದ ಒಂಬತ್ತು ಪೌಂಡ್ (ಪಿಎಸ್‌ಐ) ಒತ್ತಡ, ವಾಲ್ವ್ ಪಕ್ಕದಲ್ಲೇ ಬರೆದಿರುತ್ತದೆ. ನಾವು ಪಂಕ್ಚರ್ ಅಂಗಡಿಯ ಕಂಪ್ರೆಸರ್‌ಗೆ ಕೊಟ್ಟೆವು. ಜೊತೆಗೆ ಇನ್ನೊಂದು ತಪ್ಪು. ಮಾಗಿಯ ಚಳಿಯಲ್ಲಿ ಬೆಳಿಗ್ಗೆ ಚೆಂಡು ಮಂಕಾಗಿರುತ್ತದೆ, ಒಳಗಿನ ಗಾಳಿ ಕುಗ್ಗಿರುತ್ತದೆ. ಲೀಕ್ ಅಂತ ತಿಳಿದು ಮತ್ತೆ ಗಾಳಿ ತುಂಬಿಸಿ, ಮಧ್ಯಾಹ್ನ ಬಿಸಿಲಲ್ಲೇ ಬಿಟ್ಟೆವು. ಸಂಜೆಗೆ ಒಂದು ಕಡೆ ನಿಂಬೆಹಣ್ಣಿನಷ್ಟು ಉಬ್ಬಿತ್ತು.

ಎರಡನೇದನ್ನು ಹುಬ್ಬಳ್ಳಿಗೆ ಹೋದಾಗ ತಂದೆ. ಕಾಂಪೋಸಿಟ್, ಅಂದರೆ ಮೇಲ್ಮೈ ಸಿಂಥೆಟಿಕ್ ಲೆದರ್. 2,400 ರೂಪಾಯಿ. ಕೈಗೆ ತೆಗೆದುಕೊಂಡರೆ ಬಿಡಲು ಮನಸ್ಸಾಗದಷ್ಟು ಮೆತ್ತಗೆ. ಬಾಕ್ಸ್ ಮೇಲೆ ದೊಡ್ಡದಾಗಿ 'ಇಂಡೋರ್' ಅಂತಲೇ ಇತ್ತು. ನಾನು ಓದಿದೆ ಕೂಡ. ಓದಿಯೂ ಸಿಮೆಂಟ್ ಅಂಗಳಕ್ಕೆ ಇಳಿಸಿದೆ. ಚೆಂಡಿನ ಮೈಮೇಲೆ ಸಣ್ಣ ಸಣ್ಣ ಗುಳ್ಳೆ ಇರುತ್ತವಲ್ಲ, ಹಿಡಿತ ಕೊಡುವುದು ಅವೇ. ಸಿಮೆಂಟು ಅವನ್ನು ಉಪ್ಪುಕಾಗದದ ಹಾಗೆ ತೇಯ್ದು ಹಾಕಿತು. ತಿಂಗಳೊಳಗೆ ಮೇಲ್ಮೈ ನುಣ್ಣಗೆ, ಗೆರೆಯ ತುಂಬ ಕೆಂಪು ಧೂಳು.

ಆಮೇಲೆ ಮಳೆ. ನಮ್ಮ ಕಡೆಯ ಆಷಾಢ ಗೊತ್ತಲ್ಲ, ಚಪ್ಪಲಿಗೂ ಬೂಸರು ಬರುತ್ತದೆ. ಕಾಂಪೋಸಿಟ್ ನೀರು ಕುಡಿದು ಭಾರವಾಯಿತು. ಒಣಗಲಿ ಪಾಪ ಅಂತ ಆಯಿ ಅದನ್ನು ಒಲೆ ಮೇಲಿನ ಅಟ್ಟದಲ್ಲಿ, ಕಂಬಳಿ ಪಕ್ಕ ಇಟ್ಟರು. ಕೊಪ್ಪೆ ಕಂಬಳಿ ಒಣಗಿತು. ಚೆಂಡಿನ ಅಂಟು ಬಿಟ್ಟು ಪಟ್ಟಿಗಳು ಹಲಸಿನ ತೊಳೆಯ ಹಾಗೆ ಎದ್ದವು. ಕಂಪನಿಯ ಹೆಸರು ಹೇಳುವುದಿಲ್ಲ. ಅವರದೇನೂ ತಪ್ಪಿಲ್ಲ.

ಮೂರನೇದು ನಿವಿಯಾದ ರಬ್ಬರ್ ಚೆಂಡು, 6ನೇ ನಂಬರು, ಜಲಂಧರದ ಕಂಪನಿಯದ್ದು. ಈ ಸಲ ಮಗಳೇ ಆರಿಸಿದಳು, ನಾನು ಪರೀಕ್ಷೆ ಮಾಡಿದೆ. ಭುಜದ ಎತ್ತರದಿಂದ ಸುಮ್ನೆ ಕೈಬಿಟ್ಟರೆ ಸೊಂಟದ ಹತ್ತಿರ ವಾಪಸ್ ಬರಬೇಕು. ವಾಲ್ವ್ ಮೇಲೆ ಬರುವ ಹಾಗೆ ಹಿಡಿದು ಒಮ್ಮೆ, ಪಕ್ಕಕ್ಕೆ ತಿರುಗಿಸಿ ಒಮ್ಮೆ ಬಿಡಿ. ಎರಡು ಸಲವೂ ನೇರ ಪುಟಿದರೆ ಸರಿ. ಆಮೇಲೆ ಹಿಂದಕ್ಕೆ ತಿರುಗುವ ಹಾಗೆ ಮೇಲಕ್ಕೆ ಎಸೆದು ಕಪ್ಪು ಗೆರೆ ನೋಡಿ. ಗೆರೆ ಓಲಾಡಿದರೆ ಚೆಂಡು ದುಂಡಗಿಲ್ಲ ಅಂತ ಅರ್ಥ. ಅಂಗಡಿಯವರು ಮುಖ ಸೊಟ್ಟ ಮಾಡಿದರೂ ಇಷ್ಟು ಮಾಡಿಯೇ ತನ್ನಿ.

ಹದಿನಾಲ್ಕು ತಿಂಗಳಾಯಿತು. ಕೆಸರು ಹತ್ತಿದೆ, ತೋಡಿನಲ್ಲಿ ತೇಲಿದೆ, ಒಮ್ಮೆ ಅಡಿಕೆ ಬೇಯಿಸುವ ಹೊತ್ತಿನಲ್ಲಿ ಚೊಗರಿನ ಬಕೆಟ್ಟಿಗೇ ಬಿದ್ದಿದೆ. ಆ ಕಲೆ ಇನ್ನೂ ಹೋಗಿಲ್ಲ. ಉಳಿದದ್ದಕ್ಕೆಲ್ಲ ನೀರು ಹೊಯ್ದು ಒರೆಸಿದರೆ ಮುಗಿಯಿತು. ತಿಂಗಳಿಗೊಮ್ಮೆ ಕೈಪಂಪಿನಲ್ಲಿ ಗಾಳಿ, ಸೂಜಿಗೆ ಮೊದಲು ಒಂದು ಹನಿ ನೀರು ಹಚ್ಚಿ. ಒಣಸೂಜಿ ಚುಚ್ಚಿದರೆ ವಾಲ್ವ್ ಹರಿಯುತ್ತದೆ. ಕೊರತೆ ಇಲ್ಲ ಅಂತಲ್ಲ. ಯಾವುದೇ ರಬ್ಬರಿನ ಹಾಗೆ ಇದೂ ಕೈಗೆ ಗಡುಸು. ಬೆವರಿದ ಕೈಯಲ್ಲಿ ಜಾರುತ್ತದೆ.

ಆ ಜಾರುವಿಕೆ ತಲೆನೋವಾದದ್ದು ಹಾಲ್‌ನಲ್ಲಿ. ಮಳೆಗಾಲದಲ್ಲಿ ಮಗಳ ತಂಡ ಪೇಟೆಯ ಒಂದು ಹಾಲ್‌ನಲ್ಲಿ ಪ್ರಾಕ್ಟೀಸ್ ಮಾಡುತ್ತದೆ. ನುಣುಪು ನೆಲದ ಮೇಲೆ ರಬ್ಬರ್ ಚೆಂಡು ಜಾಸ್ತಿ ಎಗರುತ್ತದೆ, ಪಾಸ್ ಮಾಡಿದರೆ ಕೈಯಿಂದ ಜಾರಿ ಹೋಗುತ್ತದೆ. ಪಂದ್ಯಕ್ಕೆ ಕೊಡುವುದು ಕಾಂಪೋಸಿಟ್. ಎರಡಕ್ಕೂ ಕೈ ಬೇರೆ ಬೇರೆ. ಇದು ಮಕ್ಕಳ ನಖರಾ ಅಂದುಕೊಂಡಿದ್ದೆ. ಆದರೆ ಅಮೆರಿಕದ ವೃತ್ತಿಪರ ಬಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎ 2006ರಲ್ಲಿ ಅಸಲಿ ಚರ್ಮದ ಚೆಂಡು ಬಿಟ್ಟು ಸಿಂಥೆಟಿಕ್ ತಂದಾಗ ಬೆರಳು ಕೊಯ್ಯುತ್ತದೆ ಅಂತ ಆಟಗಾರರೇ ಗಲಾಟೆ ಮಾಡಿದರಂತೆ. 2007ರ ಜನವರಿ 1ಕ್ಕೆ ಹಳೇ ಚೆಂಡೇ ವಾಪಸ್. ಅಷ್ಟು ದೊಡ್ಡವರ ಕೈಗೇ ಗೊತ್ತಾಗುತ್ತದೆ ಅಂದಮೇಲೆ ನಮ್ಮ ಕೂಸಿನ ಮಾತು ನಂಬಬೇಕಲ್ವಾ?

ಹಾಗಾಗಿ ನಾಲ್ಕನೇದು ಮತ್ತೆ ಕಾಂಪೋಸಿಟ್, ಈ ಬಾರಿ ಹಾಲ್‌ಗೆ ಮಾತ್ರ. ಬಟ್ಟೆಚೀಲದಲ್ಲಿ ಹೋಗುತ್ತದೆ, ಬಟ್ಟೆಚೀಲದಲ್ಲಿ ಬರುತ್ತದೆ. ಬಂದ ಮೇಲೆ ಒದ್ದೆ ಬಟ್ಟೆಯಲ್ಲಿ ಒರೆಸಿ ಗಾಳಿಯಾಡುವ ಕಡೆ ಇಡುತ್ತಾಳೆ. ಅಟ್ಟದ ಕಡೆ ಯಾರೂ ನೋಡುವುದಿಲ್ಲ. ಅಸಲಿ ಚರ್ಮದ್ದು ಕೇಳಲೇ ಇಲ್ಲ. ಅದು ಪಳಗಲು ಎಷ್ಟೋ ದಿನ ಬೇಕು, ಮರದ ನೆಲ ಬಿಟ್ಟು ಬೇರೆಡೆ ಆಗದು, ನಮ್ಮ ಹವೆಗಂತೂ ಬೇಡವೇ ಬೇಡ.

'ಇಂಡೋರ್-ಔಟ್‌ಡೋರ್' ಅಂತ ಬರೆದದ್ದು ಒಂದೇ ತಂದರೆ ಸಾಕಲ್ಲ ಅಂತ ನೆಂಟರೊಬ್ಬರು ಕೇಳಿದರು. ಅದು ಸ್ವಲ್ಪ ಗಟ್ಟಿ ಹೊದಿಕೆಯ ಕಾಂಪೋಸಿಟ್. ಕಾಲೇಜಿನ ನುಣುಪು ಕಾಂಕ್ರೀಟ್ ಕೋರ್ಟ್‌ಗೆ ಪರವಾಗಿಲ್ಲ. ಆದರೆ ಒಮ್ಮೆ ಅಂಗಳದ ಮಣ್ಣು ಮೆತ್ತಿಕೊಂಡರೆ ಮತ್ತೆ ಹಾಲ್‌ಗೆ ಒಯ್ಯಬೇಡಿ. ಆ ಮರಳಿನ ಕಣ ಅಲ್ಲಿನ ನೆಲವನ್ನೂ ಗೀರುತ್ತದೆ. ಒಂದಕ್ಕೇ ದುಡ್ಡಿದ್ದರೆ ನಾನು ರಬ್ಬರೇ ಅನ್ನುತ್ತೇನೆ. ಹಾಲ್ ಸಿಗುವುದು ವಾರಕ್ಕೆ ಎರಡು ತಾಸು, ಅಂಗಳ ದಿನಾ ಇದೆ.

ದಿನಾ ಅಂದೆ, ಈಗ ಇಲ್ಲ. ಕೊಯ್ಲು ಶುರುವಾಗಿದೆ, ಕಂಬದ ಬುಡದ ತನಕ ಚಾಲಿ ಅಡಿಕೆ ಒಣಗಲು ಹರಡಿದ್ದೇವೆ. ನಿನ್ನೆ ಸಂಜೆ ಮಗಳು ಜಗಲಿಯಲ್ಲೇ ನಿಂತು, ಅಡಿಕೆಯ ಆಚೆ ಇರುವ ರಿಂಗಿಗೆ ಒಂದೇ ಒಂದು ಸಲ ಎಸೆದಳು. ಬಿತ್ತು. ಚೆಂಡು ತರಲು ಅಡಿಕೆ ತುಳಿಯದೆ ಹೋಗಬೇಕಲ್ಲ, ಅದಕ್ಕೆ ನನ್ನನ್ನು ಕಳಿಸಿದಳು.