ಕಾಲೇಜು ಸೀಟು ಕೊಟ್ಟಿತು ಅಂತ ಎಲ್‌ಎಲ್‌ಬಿಗೆ ಫೀ ಕಟ್ಟುವ ಮೊದಲು ಇದನ್ನು ಓದಿ

ಪಿಯುಸಿ ಮಾಡದೆ ಮುಕ್ತ ವಿಶ್ವವಿದ್ಯಾಲಯದಲ್ಲಿ ನೇರವಾಗಿ ಡಿಗ್ರಿ ಮಾಡಿದವರು ಯಾರಾದರೂ ಎಲ್‌ಎಲ್‌ಬಿ ಸೇರುವ ಯೋಚನೆಯಲ್ಲಿದ್ದರೆ ಸ್ವಲ್ಪ ನಿಲ್ಲಿ. ನನ್ನ ತಮ್ಮನಿಗೆ ಆದದ್ದನ್ನು ಹೇಳುತ್ತೇನೆ.

ನಾವು ಕುಮಟಾ ಕಡೆಯವರು. ತಮ್ಮ ಎಸ್ಸೆಸ್ಸೆಲ್ಸಿ ಮುಗಿಸಿದ ವರ್ಷವೇ ಅಪ್ಪ ಹಾಸಿಗೆ ಹಿಡಿದರು, ಇವನು ತದಡಿಯಲ್ಲಿ ಬೋಟಿಗೆ ಹೋದ. ಜೂನ್-ಜುಲೈಯಲ್ಲಿ ಮೀನುಗಾರಿಕೆ ಬಂದ್ ಇರುತ್ತದಲ್ವಾ, ಆಗ ಕೂತು ಓದಿ ಓದಿ ಬಿ.ಎ. ಮುಗಿಸಿದ. 18 ವರ್ಷ ಆಗಿದ್ದರೆ ಸಾಕು, ಪಿಯುಸಿ ಬೇಡ ಎಂದು ಒಂದು ಪ್ರವೇಶ ಪರೀಕ್ಷೆ ಬರೆಸಿ ಸೇರಿಸಿಕೊಂಡ ಡಿಗ್ರಿ ಅದು. ಶೇ. 58 ಬಂತು. 3 ವರ್ಷದ ಎಲ್‌ಎಲ್‌ಬಿಗೆ ಸಾಮಾನ್ಯ ವರ್ಗಕ್ಕೇ ಶೇ. 45 ಸಾಕು, ಹಾಗಾಗಿ ನಮಗೆ ಹೆದರಿಕೆಯೇ ಇರಲಿಲ್ಲ. ಕಾಲೇಜಿನ ಆಫೀಸಿನಲ್ಲೂ "ಡಿಗ್ರಿ ಉಂಟಲ್ಲ, ಮತ್ತೆಂಥದು? ಎಲ್ಲಾ ಆಗ್ತದೆ" ಅಂದರು. ಫೀ ಕಟ್ಟಿಸಿಕೊಂಡರು, ಮೂಲ ಅಂಕಪಟ್ಟಿಗಳನ್ನೂ ಇಟ್ಟುಕೊಂಡರು.

ಮೊದಲ ಸೆಮಿಸ್ಟರ್ ಪರೀಕ್ಷೆಗೆ 15 ದಿನ ಇರುವಾಗ ವಿಶ್ವವಿದ್ಯಾಲಯದಿಂದ ಪತ್ರ ಬಂತು. ಅರ್ಹತೆ ಇಲ್ಲ, ಹಾಲ್ ಟಿಕೆಟ್ ಕೊಡುವುದಿಲ್ಲ. ಕಾನೂನು ಶಿಕ್ಷಣಕ್ಕೆ ನಿಯಮ ಮಾಡುವ ಭಾರತೀಯ ಬಾರ್ ಕೌನ್ಸಿಲ್‌ನ (ವಕೀಲರ ಪರಿಷತ್ತು) 2008ರ ಕಾನೂನು ಶಿಕ್ಷಣ ನಿಯಮಗಳಲ್ಲಿ 5ನೇ ನಿಯಮದ ಕೆಳಗೆ ಒಂದು ವಿವರಣೆ ಇದೆ. ದೂರ ಶಿಕ್ಷಣದಲ್ಲಿ ಓದಿದ್ದು ತಪ್ಪಲ್ಲ, ಅದಕ್ಕೆ ಅವಕಾಶ ಇದೆ. ಆದರೆ ಡಿಗ್ರಿಗೆ ಬೇಕಾದ ಮೂಲ ವಿದ್ಯಾರ್ಹತೆಯೇ, ಅಂದರೆ ಪಿಯುಸಿಯಂಥದ್ದೇ, ಇಲ್ಲದೆ ಮುಕ್ತ ವಿವಿಯಿಂದ ನೇರವಾಗಿ ಡಿಗ್ರಿ ಪಡೆದಿದ್ದರೆ ಕಾನೂನು ಕೋರ್ಸಿಗೆ ಸೇರುವ ಹಾಗಿಲ್ಲ. ಇಷ್ಟೇ. ಎರಡು ಸಾಲು. ಕಾಲೇಜಿನವರಿಗೆ ಇದು ಗೊತ್ತಿರಲಿಲ್ಲ ಅಂದರೆ ನಾನಂತೂ ನಂಬುವುದಿಲ್ಲ.

ಹೈಕೋರ್ಟಿನ ಧಾರವಾಡ ಪೀಠಕ್ಕೆ ಹೋದೆವು. ಅರಬೈಲ್ ಘಟ್ಟ ಹತ್ತಿ ಯಲ್ಲಾಪುರ, ಹುಬ್ಬಳ್ಳಿ ದಾಟಿ ಧಾರವಾಡ ಮುಟ್ಟಿದರೆ ಕೋರ್ಟು ಊರಲ್ಲಿಲ್ಲ, ಧಾರವಾಡದ ಹತ್ತಿರದ ಬೇಲೂರು ಕಡೆಗೆ (ಹಾಸನದ ಬೇಲೂರಲ್ಲ) ಇನ್ನೊಂದು ಬಸ್ಸು ಹಿಡಿಯಬೇಕು. ಪರೀಕ್ಷೆ ಬರೆಯಲು ಮಧ್ಯಂತರ ಆದೇಶ ಸಿಕ್ಕಿತು. ಗೆದ್ದೇಬಿಟ್ಟೆವು ಅಂದುಕೊಂಡು ಪೇಡೆ ತಂದು ಕೇರಿಗೆಲ್ಲ ಹಂಚಿದೆ ನಾನು. ಆದೇಶದ ಕೊನೆಯಲ್ಲಿ "ಅಂತಿಮ ತೀರ್ಪಿಗೆ ಒಳಪಟ್ಟು" ಅಂತ ಇದ್ದದ್ದು ಕಣ್ಣಿಗೆ ಬಿದ್ದಿತ್ತು, ತಲೆಗೆ ಹೋಗಲಿಲ್ಲ. ಪರೀಕ್ಷೆ ಬರೆದ, ಫಲಿತಾಂಶ ತಡೆಹಿಡಿದರು. ಮತ್ತೆ ಬರೆದ, ಅದನ್ನೂ ತಡೆಹಿಡಿದರು. ಫೀ ಮಾತ್ರ ತಡೆಯಿಲ್ಲದೆ ಹೋಗುತ್ತಿತ್ತು.

ನಮ್ಮ ವಕೀಲರು 1986ರ ಸುಪ್ರೀಂ ಕೋರ್ಟ್ ತೀರ್ಪು ಹಿಡಿದು ವಾದಿಸಿದರು. ಅದು ನಮ್ಮ ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯದ್ದೇ ಪ್ರಕರಣ. ರಾಜಸ್ಥಾನದಲ್ಲಿ ಓದಿ ಬಂದವರನ್ನು ಇಲ್ಲಿನ ಎಂಜಿನಿಯರಿಂಗ್ ಕಾಲೇಜುಗಳು ಅರ್ಹತೆ ಇಲ್ಲದಿದ್ದರೂ ಸೇರಿಸಿಕೊಂಡಿದ್ದವು. ತಪ್ಪು ಕಾಲೇಜುಗಳದ್ದು ಎಂದು ಹೇಳಿ ಕೋರ್ಟು ಆ ಹುಡುಗರಿಗೆ ಓದು ಮುಂದುವರಿಸಲು ಬಿಟ್ಟಿತ್ತು. ನಮ್ಮದೂ ಹಾಗೇ ಆಗುತ್ತದೆ ಅಂತ ಕಾದೆವು. ವಿವಿ ಕಡೆಯ ವಕೀಲರು 2008ರ ಕೇರಳದ ಪ್ರಕರಣ ತೋರಿಸಿದರು. ಎಂ.ಎಸ್ಸಿ.ಗೆ ಬೇಕಾದ ಶೇ. 55 ಇಲ್ಲದವರಿಗೆ ಹೈಕೋರ್ಟ್ ಕನಿಕರ ತೋರಿದ್ದನ್ನು ಸುಪ್ರೀಂ ಕೋರ್ಟ್ ಒಪ್ಪಿರಲಿಲ್ಲ. ನಮ್ಮ ಅರ್ಜಿ ವಜಾ ಆಯಿತು. "ಅಕ್ಕಾ, ಮೊದಲ ದಿನವೇ ಆಗುವುದಿಲ್ಲ ಅಂದಿದ್ದರೆ ಇಷ್ಟು ಬೇಜಾರಾಗುತ್ತಿರಲಿಲ್ಲ" ಅಂದ ತಮ್ಮ, ಬಸ್ಸಿನಲ್ಲಿ.

ಫೀ, ವಕೀಲರು, ಓಡಾಟ ಎಲ್ಲ ಸೇರಿ 1 ಲಕ್ಷದ ಹತ್ತಿರ ಹೋಯಿತು. ಸೇರುವವರು ಫೀ ಕಟ್ಟುವ ಮೊದಲೇ ಎಸ್ಸೆಸ್ಸೆಲ್ಸಿಯಿಂದ ಡಿಗ್ರಿವರೆಗಿನ ಅಂಕಪಟ್ಟಿ ಹಿಡಿದು ವಿವಿಗೇ ಹೋಗಿ, ಅರ್ಹತೆ ಇದೆಯಾ ಇಲ್ಲವಾ ಅಂತ ಬರವಣಿಗೆಯಲ್ಲಿ ಕೇಳಿ. ಬಾಯಿಮಾತಿನ "ಆಗ್ತದೆ" ಕೋರ್ಟಿನಲ್ಲಿ ನಡೆಯುವುದಿಲ್ಲ. ಮೂಲ ಅಂಕಪಟ್ಟಿ ಕೊಡಲೇಬೇಕಾಗಿ ಬಂದರೆ ಕೊಟ್ಟದ್ದಕ್ಕೆ ರಸೀದಿ ತೆಗೆದುಕೊಳ್ಳಿ. ನಾವು ತೆಗೆದುಕೊಳ್ಳಲಿಲ್ಲ. ಈಗ ಮೂರು ಸಲ ಹೋಗಿ ಬಂದಾಯಿತು, "ಫೈಲು ಸಿಗ್ತಾ ಇಲ್ಲ, ಸೋಮವಾರ ಬನ್ನಿ" ಅನ್ನುತ್ತಿದ್ದಾರೆ.